ಕೊಡೆ ನೋಡಿ ನಡೆಯಬೇಡಿ, ಮುಖ ನೋಡಿ ನಡೆಯಿರಿ: ಪ್ರಾಗ್‌ಗೆ ಹೊರಟಿರುವ ಸ್ಮಿತಾಗೆ ಮಾವನ ಉತ್ತರ

ಸ್ಮಿತಾ, ನಿನ್ನೆ ರಾತ್ರಿ ನೀನು ನಮ್ಮ ಮನೆಯವರ ಫೋನ್ ಗುಂಪಿನಲ್ಲಿ ಹಾಕಿದ ಪ್ರಶ್ನೆಯನ್ನು ಬೆಳಿಗ್ಗೆ ಕನ್ನಡಕ ಹಾಕಿಕೊಂಡು ಮತ್ತೆ ಓದಿದೆ. ಚೆಕ್ ದೇಶದ ಪ್ರಾಗ್ ನಗರದ ಹಳೆಯ ಪೇಟೆಯನ್ನು ಗೈಡ್ ಜೊತೆ ಮೂರು ಗಂಟೆ ನಡೆದು ನೋಡುವುದಕ್ಕೆ ಹೆಸರು ಕೊಟ್ಟಿದ್ದೀಯೆ, ಜೊತೆಗೆ ನಿಮ್ಮಮ್ಮನೂ ಬರುತ್ತಾಳೆ, ಅವಳ ಮಂಡಿನೋವಿಗೆ ಅಷ್ಟು ನಡಿಗೆ ಆಗುತ್ತದೆಯೋ ಇಲ್ಲವೋ, ರದ್ದು ಮಾಡಿಬಿಡಲೇ ಎಂದು ಕೇಳಿದ್ದೀಯೆ. ಆ ಸಣ್ಣ ಅಕ್ಷರಗಳನ್ನು ಒಂದೊಂದಾಗಿ ಒತ್ತುತ್ತಾ ಕೂರುವುದು ನನ್ನಿಂದಾಗದ ಕೆಲಸವಾದ್ದರಿಂದ ಮಾತಿನಲ್ಲೇ ಹೇಳುತ್ತಿದ್ದೇನೆ. ಉದ್ದವಾದರೆ ಕೆಲಸ ಮಾಡಿಕೊಳ್ಳುತ್ತಲೇ ಕೇಳಿಸಿಕೊಳ್ಳಿ, ಆದರೆ ಪೂರ್ತಿ ಕೇಳಿಸಿಕೊಳ್ಳಿ.

ಮಂಡಿಯ ವಿಷಯಕ್ಕೆ ಆಮೇಲೆ ಬರುತ್ತೇನೆ. ಅದಕ್ಕಿಂತ ಮುಖ್ಯವಾದದ್ದು ಕೊಡೆ.

ರವಿ ಜರ್ಮನಿಯಲ್ಲಿ ಕೆಲಸದಲ್ಲಿದ್ದಾಗ ನಾನು, ನಿಮ್ಮತ್ತೆ, ಸರಸಕ್ಕ ಮೂವರೂ ಅವನ ಮನೆಗೆ ಹೋಗಿದ್ದು, ಅಲ್ಲಿಂದ ರೈಲಿನಲ್ಲಿ ಪ್ರಾಗ್ ನೋಡಲು ಹೋಗಿದ್ದು ನಿಮಗೆಲ್ಲ ಗೊತ್ತೇ ಇದೆ. ರವಿಗೆ ರಜೆ ಸಿಗಲಿಲ್ಲ, ಬದಲಿಗೆ ನಮಗೆ ಗೈಡ್ ಜೊತೆಗಿನ ನಡಿಗೆಯೊಂದನ್ನು ಗೊತ್ತುಮಾಡಿ ಕಳಿಸಿದ. ನಡಿಗೆ ಶುರುವಾದದ್ದು 1475ರಲ್ಲಿ ಕಟ್ಟಲಾರಂಭಿಸಿದ ಸಿಡಿಮದ್ದಿನ ಗೋಪುರದ ಬುಡದಲ್ಲಿ. ಗೈಡ್ ಒಬ್ಬ ತೆಳ್ಳಗಿನ ಹುಡುಗ. ಮಡಚಿದ ಹಳದಿ ಕೊಡೆಯೊಂದನ್ನು ತಲೆಯ ಮೇಲಕ್ಕೆ ಎತ್ತಿ ಹಿಡಿದು, ನನ್ನ ಹೆಸರು ಮರೆತರೂ ಚಿಂತೆಯಿಲ್ಲ, ಈ ಕೊಡೆಯ ಹಿಂದೆ ಬಂದರೆ ಸಾಕು ಎಂದ. ಸರಸಕ್ಕ ಯಾರು ಏನು ಹೇಳಿದರೂ ಚಾಚೂ ತಪ್ಪದೆ ಪಾಲಿಸುವವಳು. ಆ ಮಾತನ್ನೂ ಹಾಗೆಯೇ ಪಾಲಿಸಿದಳು, ಅನಾಹುತವಾದದ್ದು ಅದರಿಂದಲೇ.

ಸೆಲೆಟ್ನಾ ಎಂಬ ಬೀದಿಯಲ್ಲಿ ನಡೆದು ಹಳೆಯ ಪೇಟೆಯ ಚೌಕಕ್ಕೆ ಬಂದಾಗ ಗಂಟೆ ಹೊಡೆಯುವುದಕ್ಕೆ ಇನ್ನು ಕೆಲವೇ ನಿಮಿಷ ಉಳಿದಿತ್ತು. ಅಲ್ಲಿನ ಪುರಭವನದ ಗೋಡೆಯ ಮೇಲೆ 1410ರ ಖಗೋಳ ಗಡಿಯಾರವಿದೆ. ಸೂರ್ಯ ಚಂದ್ರರು ಯಾವ ರಾಶಿಯಲ್ಲಿದ್ದಾರೆ ಎಂಬುದನ್ನು ಕೂಡ ಅದು ತೋರಿಸುತ್ತದೆ, ಇಂದಿಗೂ ನಡೆಯುತ್ತಿದೆ. ಬೆಳಿಗ್ಗೆ ಒಂಬತ್ತರಿಂದ ರಾತ್ರಿ ಹನ್ನೊಂದರವರೆಗೆ ಪ್ರತಿ ಗಂಟೆಗೂ ಮೇಲಿನ ಎರಡು ಪುಟ್ಟ ಕಿಟಕಿಗಳು ತೆರೆದುಕೊಳ್ಳುತ್ತವೆ, ಏಸುವಿನ ಶಿಷ್ಯರ ಬೊಂಬೆಗಳು ಒಂದರ ಹಿಂದೊಂದು ಸಾಗುತ್ತವೆ, ಪಕ್ಕದಲ್ಲಿ ನಿಂತ ಅಸ್ಥಿಪಂಜರವೊಂದು ಹಗ್ಗ ಜಗ್ಗಿ ಗಂಟೆ ಬಾರಿಸುತ್ತದೆ, ಕೊನೆಗೆ ಚಿನ್ನದ ಬಣ್ಣದ ಹುಂಜ ಕೂಗುತ್ತದೆ. ಇದಿಷ್ಟೂ ಒಂದು ನಿಮಿಷದೊಳಗೆ ಮುಗಿದುಹೋಗುತ್ತದೆ, ಆದರೆ ಆ ಒಂದು ನಿಮಿಷಕ್ಕಾಗಿ ಊರಿಗೆ ಬಂದ ಪ್ರವಾಸಿಗಳೆಲ್ಲ ಅಲ್ಲಿಯೇ ಸೇರಿರುತ್ತಾರೆ, ಎಲ್ಲರ ಕತ್ತೂ ಮೇಲೆ, ಎಲ್ಲರ ಕೈಯಲ್ಲೂ ಫೋನು, ತನ್ನ ಚೀಲದ ಮೇಲಾಗಲಿ ಪಕ್ಕದವರ ಮೇಲಾಗಲಿ ಒಬ್ಬರಿಗೂ ಗಮನವಿರುವುದಿಲ್ಲ. ಜೇಬುಗಳ್ಳರಿಗೆ ಅದಕ್ಕಿಂತ ಒಳ್ಳೆಯ ಮುಹೂರ್ತ ಬೇರೆ ಬೇಕಿಲ್ಲ. ನಮ್ಮ ಜೇಬಿಗೆ ಯಾರೂ ಕೈ ಹಾಕಲಿಲ್ಲ, ಆದರೆ ಹುಂಜ ಕೂಗಿ ಜನ ಚದುರಿ ನಾವು ಕತ್ತು ಇಳಿಸಿ ನೋಡುವಷ್ಟರಲ್ಲಿ ಸರಸಕ್ಕ ಇರಲಿಲ್ಲ.

ಆದದ್ದು ಇಷ್ಟೇ. ಆ ಚೌಕದಲ್ಲಿ ಹಳದಿ ಕೊಡೆ ಹಿಡಿದ ಗೈಡ್ ನಮ್ಮವನೊಬ್ಬನೇ ಆಗಿರಲಿಲ್ಲ. ಸರಸಕ್ಕನ ಮುಂದೆ ನಿಂತಿದ್ದ ಇನ್ನೊಂದು ಹಳದಿ ಕೊಡೆ ಮೊದಲು ಹೊರಟಿತು, ಇವಳು ಅದರ ಹಿಂದೆ ಹೊರಟಳು. ಅದು ಸ್ಪ್ಯಾನಿಷ್ ಮಾತನಾಡುವವರ ಗುಂಪು. ನಮ್ಮ ಹುಡುಗನ ಇಂಗ್ಲಿಷೂ ಅವಳಿಗೆ ಅರ್ಥವಾಗುತ್ತಿರಲಿಲ್ಲವಾದ್ದರಿಂದ ಭಾಷೆ ಬದಲಾದದ್ದು ಅವಳ ಗಮನಕ್ಕೆ ಬರಲೇ ಇಲ್ಲ, ಮೊದಲಿನಂತೆಯೇ ತಲೆಯಾಡಿಸುತ್ತಾ ನಡೆದಿದ್ದಾಳೆ. ಸರಸಕ್ಕ ನಮ್ಮ ಈ ಫೋನ್ ಗುಂಪಿನಲ್ಲಿಯೇ ಇದ್ದಾಳೆ, ನಾನು ಹೇಳಿದ್ದರಲ್ಲಿ ತಪ್ಪಿದ್ದರೆ ತಿದ್ದಲಿ.

ಆದ್ದರಿಂದ ಸ್ಮಿತಾ, ಕೊಡೆಯನ್ನು ನಂಬಬೇಡ. ಗೈಡ್‌ನ ಮುಖವನ್ನು, ಅವನು ತೊಟ್ಟ ಅಂಗಿಯನ್ನು, ನಿಮ್ಮ ಜೊತೆ ನಡೆಯುತ್ತಿರುವ ಇನ್ನಿಬ್ಬರ ಮುಖಗಳನ್ನು ನೆನಪಿಟ್ಟುಕೊಳ್ಳಿ. ಗಡಿಯಾರ ಬಾರಿಸುವ ಮೊದಲು ಅಮ್ಮನ ಕೈ ಹಿಡಿದುಕೋ, ಆಮೇಲೆ ಮೇಲೆ ನೋಡು.

ಸರಸಕ್ಕನ ಬಳಿ ಫೋನಿರಲಿಲ್ಲ, ಪಾಸ್‌ಪೋರ್ಟ್ ನನ್ನ ಚೀಲದಲ್ಲಿತ್ತು, ಹೋಟೆಲಿನ ಹೆಸರನ್ನು ಅವಳಿರಲಿ ನಾನೂ ಸರಿಯಾಗಿ ಉಚ್ಚರಿಸಲಾರೆ. ಗೈಡ್ ಹುಡುಗನಿಗೆ ಹೇಳಿದರೆ, ಉಳಿದವರು ಕಾಯಲಾರರು, ಮುಂದೆ ಯಹೂದಿಗಳ ಕೇರಿಗೆ ಹೋಗಬೇಕು, ನೀವು ಇಲ್ಲಿಯೇ ನಿಂತಿರಿ, ಅವರೇ ಬರುತ್ತಾರೆ ಎಂದು ಹೊರಟೇಬಿಟ್ಟ. ನಿಮ್ಮತ್ತೆಯನ್ನು ಚೌಕದ ನಡುವೆ ಧರ್ಮಸುಧಾರಕ ಯಾನ್ ಹುಸ್‌ನ ಸ್ಮಾರಕದ ಬಳಿ ನಿಲ್ಲಿಸಿ ನಾನು ಸುತ್ತಲಿನ ಓಣಿಗಳನ್ನೆಲ್ಲ ಹುಡುಕಿದೆ. ಆ ಚೌಕಕ್ಕೆ ಎಷ್ಟು ಕಡೆಯಿಂದ ಬೀದಿಗಳು ಬಂದು ಸೇರುತ್ತವೆ ಎಂಬುದು ಯಾರನ್ನಾದರೂ ಹುಡುಕುವಾಗಲೇ ತಿಳಿಯುತ್ತದೆ. ಕೊನೆಗೆ ನನಗೆ ಹೊಳೆದದ್ದು ಸೇತುವೆ. ನಡಿಗೆಯ ಪಟ್ಟಿಯಲ್ಲಿ ಅವಳು ಆಸೆಯಿಂದ ಕೇಳಿಸಿಕೊಂಡಿದ್ದು ಅದೊಂದನ್ನೇ.

ಚೌಕದಿಂದ ಚಾರ್ಲ್ಸ್ ಸೇತುವೆಗೆ ಸುಮಾರು ಹತ್ತು ನಿಮಿಷದ ದಾರಿ. ಕಾರ್ಲೋವಾ ಎಂಬ ಆ ಬೀದಿ ಇಕ್ಕಟ್ಟು, ಎರಡು ಹೆಜ್ಜೆಗೊಮ್ಮೆ ತಿರುವು, ಮುಂದಿನವರ ಬೆನ್ನು ಬಿಟ್ಟು ಬೇರೇನೂ ಕಾಣಿಸದು. ಅದು ಮುಗಿದು ಸೇತುವೆಯ ಗೋಪುರ ಕಾಣುವಲ್ಲಿ ಅಡ್ಡಲಾಗಿ ಟ್ರಾಮ್ ಹಳಿಗಳಿವೆ. ಆ ದೇಶದ ನಿಯಮದಲ್ಲಿ ಪಾದಚಾರಿಗಳಿಗೆಂದು ಪಟ್ಟೆ ಬಳಿದಿರುವ ಜಾಗದಲ್ಲೂ ಟ್ರಾಮಿಗೇ ಮೊದಲ ಹಕ್ಕು, ಕಾರು ನಿಂತಂತೆ ಟ್ರಾಮು ನಿಲ್ಲುವುದಿಲ್ಲ. ಅದನ್ನು ಅವಳೊಬ್ಬಳೇ ದಾಟಿರಬೇಕು ಎಂದು ನೆನೆದಾಗ ನನ್ನ ಕಾಲಿನ ಬಲವೇ ಹೋಯಿತು.

ಸರಸಕ್ಕ ಸೇತುವೆಯ ಮೇಲೆ ನೆಪೋಮುಕ್ ಸಂತನ ಪ್ರತಿಮೆಯ ಬಳಿ ನಿಂತಿದ್ದಳು. ಆ ಸೇತುವೆಗೆ ಚಕ್ರವರ್ತಿ ನಾಲ್ಕನೆಯ ಚಾರ್ಲ್ಸ್ 1357ರಲ್ಲಿ ಅಡಿಗಲ್ಲು ಹಾಕಿದ. ಈ ಪ್ರತಿಮೆಯನ್ನು ನಿಲ್ಲಿಸಿದ್ದು 1683ರಲ್ಲಿ. 1393ರಲ್ಲಿ, ಪಾದ್ರಿಯಾಗಿದ್ದ ಆ ಸಂತನನ್ನು ರಾಜನ ಅಪ್ಪಣೆಯಂತೆ ನದಿಗೆ ಎಸೆದರು. ಆ ದೃಶ್ಯದ ಕಂಚಿನ ಫಲಕವೊಂದು ಪೀಠದ ಮೇಲಿದೆ, ಮುಟ್ಟಿದರೆ ಒಳ್ಳೆಯದಾಗುತ್ತದೆಂದು ಬಂದವರೆಲ್ಲ ಮುಟ್ಟಿ ಮುಟ್ಟಿ, ಫಲಕವೆಲ್ಲ ಕಪ್ಪಾಗಿದ್ದರೂ ಬೀಳುತ್ತಿರುವ ಆ ಮನುಷ್ಯನೊಬ್ಬ ಮಾತ್ರ ಬೆಳಗಿದ ಹಿತ್ತಾಳೆಯ ದೀಪದಂತೆ ಹೊಳೆಯುತ್ತಾನೆ. ಸ್ಪ್ಯಾನಿಷ್ ಗುಂಪಿನವರು ಸಾಲಾಗಿ ನಿಂತು ಮುಟ್ಟಿದರಂತೆ, ಇವಳೂ ಸಾಲಿನಲ್ಲಿ ನಿಂತು ಮುಟ್ಟಿ ಕಣ್ಣಿಗೊತ್ತಿಕೊಂಡು, ನೀನೂ ಮುಟ್ಟೋ ಎಂದು ನನ್ನನ್ನು ಕರೆಯಲು ತಿರುಗಿ ನೋಡಿದಾಗಲೇ ಅವಳಿಗೆ ವಿಷಯ ಗೊತ್ತಾದದ್ದು. ಅಲ್ಲಿಂದ ಒಂದು ಹೆಜ್ಜೆಯನ್ನೂ ಕದಲಿಸಲಿಲ್ಲ. ಬಂದ ದಾರಿಯನ್ನು ಹುಡುಕುತ್ತಾ ಹೊರಟಿದ್ದರೆ ಕಥೆ ಬೇರೆಯೇ ಆಗುತ್ತಿತ್ತು.

ಅದಕ್ಕಾಗಿಯೇ ಇನ್ನೊಮ್ಮೆ ಹೇಳುತ್ತೇನೆ, ಬೇಸರಪಡಬೇಡ. ಕೊಡೆ ನೋಡಿ ನಡೆಯಬೇಡಿ, ಮುಖ ನೋಡಿ ನಡೆಯಿರಿ. ಗಂಟೆ ಬಾರಿಸುವಾಗ ಅಮ್ಮನ ಕೈ ನಿನ್ನ ಕೈಯಲ್ಲಿರಲಿ.

ಈಗ ನೀವೆಲ್ಲ ಏನು ಮಾಡುತ್ತೀರಿ ಎಂಬುದು ನನಗೆ ಗೊತ್ತು. ಮದುವೆ ಮನೆಯಲ್ಲಿ ನಾಲ್ಕು ಜನ ಸೇರಿದರೆ ಸಾಕು, ಸರಸತ್ತೆ ಸ್ಪ್ಯಾನಿಷ್ ಕಲಿತ ಕಥೆ ಹೇಳಿ ಎಂದು ರವಿ ಶುರುಮಾಡುತ್ತಾನೆ, ಎಲ್ಲರೂ ನಗುತ್ತೀರಿ, ಅವಳೂ ಪಾಪ ನಗುತ್ತಾಳೆ. ಆದರೆ ಕರೆದುಕೊಂಡು ಹೊರಟವರನ್ನು ಎಣಿಸಿ ನೋಡುವುದು ಗೈಡ್‌ನ ಕೆಲಸವಲ್ಲವೇ ಎಂದು ನಿಮ್ಮಲ್ಲಿ ಒಬ್ಬರೂ ಇವತ್ತಿನವರೆಗೆ ಕೇಳಿಲ್ಲ. ನಾನು ಮೇಷ್ಟರಾಗಿದ್ದಷ್ಟು ಕಾಲವೂ ಪ್ರವಾಸಕ್ಕೆ ಮಕ್ಕಳನ್ನು ಕರೆದುಕೊಂಡು ಹೋದಾಗ ಬಸ್ ಹತ್ತುವ ಮೊದಲು, ಇಳಿದ ಮೇಲೆ, ಊಟಕ್ಕೆ ಕೂತಾಗ ಎಣಿಸುತ್ತಿದ್ದೆ. ಆ ಹುಡುಗ ಹೊರಡುವಾಗಲೂ ಎಣಿಸಲಿಲ್ಲ, ಗಡಿಯಾರದ ಬಳಿಯೂ ಎಣಿಸಲಿಲ್ಲ. ಹಣ ಎಣಿಸುವಾಗ ಮಾತ್ರ ಅವನ ಲೆಕ್ಕ ಚೊಕ್ಕವಾಗಿತ್ತು. ಅದು ಉಚಿತ ನಡಿಗೆ ಎಂದು ಹೆಸರು ಹೇಳಿಕೊಂಡಿದ್ದರು, ಕೊನೆಯಲ್ಲಿ ನಿಮಗೆ ತೋಚಿದಷ್ಟು ಕೊಡಿ ಎನ್ನುವುದು ಅದರ ಪದ್ಧತಿ. ಸಂಜೆ ಅವರ ಕಡೆಯಿಂದ ರವಿಗೆ ಸಂದೇಶ ಬಂದದ್ದು ನಿಮ್ಮ ಅತ್ತೆ ಸಿಕ್ಕಿದರೇ ಎಂದಲ್ಲ, ಗೈಡ್‌ಗೆ ಏನಾದರೂ ಕೊಡುವಿರಾ ಎಂದು!

ಅವನು ಹೇಳಿದ ಚರಿತ್ರೆಯಾದರೂ ನೆಟ್ಟಗಿತ್ತೇ ಎಂದರೆ ಅದೂ ಇಲ್ಲ. ಗಡಿಯಾರ ಮಾಡಿದವನು ಹನುಷ್ ಎಂಬುವನೆಂದೂ, ಬೇರೆಲ್ಲೂ ಅಂಥದ್ದನ್ನು ಮಾಡಬಾರದೆಂದು ಅವನ ಕಣ್ಣು ಕೀಳಿಸಿದರೆಂದೂ ಹತ್ತು ನಿಮಿಷ ಅಭಿನಯಪೂರ್ವಕವಾಗಿ ಹೇಳಿದ. ಅದು ದಂತಕಥೆ. ಗಡಿಯಾರ ಮಾಡಿದವನು ಮಿಕುಲಾಷ್ ಎಂಬುವನೆಂದು ದಾಖಲೆಯೇ ಇದೆ. ಅದೇ ಪುರಭವನದ ಮುಂದೆ ನೆಲದ ಕಲ್ಲುಗಳಲ್ಲಿ 27 ಬಿಳಿಯ ಶಿಲುಬೆಗಳನ್ನು ಕೂಡಿಸಿದ್ದಾರೆ. ಚಕ್ರವರ್ತಿಯ ವಿರುದ್ಧ ದಂಗೆಯೆದ್ದು ಸೋತ 27 ಮುಖಂಡರನ್ನು 1621ರ ಜೂನ್ 21ರಂದು ಅಲ್ಲಿಯೇ ಕೊಂದರು. ಜನ ಆ ಶಿಲುಬೆಗಳ ಮೇಲೆಯೇ ನಿಂತು ಫೋಟೋ ತೆಗೆದುಕೊಳ್ಳುತ್ತಿದ್ದರೂ ಅವನು ಅರ್ಧ ವಾಕ್ಯ ಹೇಳಿ ದಾಟಿಸಿದ. ನೀನು ಮಾತ್ರ ಅಲ್ಲಿ ಒಂದು ನಿಮಿಷ ಕಾಲ ಕೆಳಗೆ ನೋಡು. ನಾನು ಅದರ ಫೋಟೋ ಗುಂಪಿನಲ್ಲಿ ಹಾಕಿದಾಗ ಯಾರೂ ಒಂದು ಮಾತು ಬರೆಯಲಿಲ್ಲ, ಮರುದಿನ ನಿಮ್ಮತ್ತೆ ಬಾತುಕೋಳಿಯ ಫೋಟೋ ಹಾಕಿದರೆ ಎಲ್ಲರೂ ಚಪ್ಪಾಳೆ ತಟ್ಟಿದಿರಿ.

ಇರಲಿ. ನಿಮ್ಮಮ್ಮನ ಮಂಡಿಯಲ್ಲವೇ ನೀನು ಕೇಳಿದ್ದು.

ರದ್ದು ಮಾಡಬೇಡ. ಹಳೆಯ ಪೇಟೆ ಹೆಚ್ಚುಕಡಿಮೆ ಸಮತಟ್ಟು, ನದಿಯ ಈಚೆ ದಡದಲ್ಲಿ ಏರು ಎನ್ನುವುದು ಇಲ್ಲವೆಂದೇ ಹೇಳಬಹುದು. ತೊಂದರೆ ಕೊಡುವುದು ನೆಲಕ್ಕೆ ಹಾಸಿದ ಕಲ್ಲು. ಅಂಗೈಯಲ್ಲಿ ಹಿಡಿಯುವಷ್ಟು ದೊಡ್ಡ ಚೌಕದ ಕಲ್ಲುಗಳು, ಒಂದು ಎತ್ತರ, ಒಂದು ತಗ್ಗು, ಮಳೆ ಬಂದರೆ ಜಾರುತ್ತವೆ. ಚಪ್ಪಲಿ ಬೇಡ, ಹಿಂದೆ ಪಟ್ಟಿಯಿರುವ ಸ್ಯಾಂಡಲ್ಲೂ ಬೇಡ, ದಪ್ಪ ಅಟ್ಟೆಯ ಹಳೆಯ ಬೂಟನ್ನೇ ಹಾಕಿಸು, ಪ್ರವಾಸಕ್ಕೆಂದು ಹೊಸದನ್ನು ಕೊಳ್ಳಬೇಡ. ಕೈಕೋಲು ಬೇಡವೆಂದು ಅವಳು ಹಟ ಮಾಡುತ್ತಾಳೆ, ಮಡಚುವಂಥದ್ದನ್ನು ನಿನ್ನ ಚೀಲದಲ್ಲಿಟ್ಟುಕೋ. ಪುರಭವನದ ಗೋಪುರಕ್ಕೆ ಲಿಫ್ಟ್ ಇದೆ, ಅದನ್ನು ಹತ್ತಿಸಬಹುದು.

ಅವಳ ಕೊರಳಿನ ಚೀಲದಲ್ಲಿ ನಿನ್ನ ನಂಬರು, ಗೈಡ್‌ನ ನಂಬರು, ಹೋಟೆಲಿನ ವಿಳಾಸ ಬರೆದ ಚೀಟಿಯೊಂದು ಇರಲಿ. ತಪ್ಪಿಸಿಕೊಂಡರೆ ಯಾನ್ ಹುಸ್ ಸ್ಮಾರಕದ ಬಳಿ ನಿಲ್ಲಬೇಕೆಂದು ಮೊದಲೇ ಮಾತಾಡಿಕೊಳ್ಳಿ. 1915ರಲ್ಲಿ ನಿಲ್ಲಿಸಿದ ಆ ಸ್ಮಾರಕ ದೊಡ್ಡದು, ಚೌಕದ ಯಾವ ಮೂಲೆಯಿಂದಲೂ ಕಾಣುತ್ತದೆ. ಅಲ್ಲಿ ಯೂರೋ ಅಲ್ಲ, ಕೊರುನಾ ನಡೆಯುತ್ತದೆ. ಬೀದಿಯಲ್ಲಿ ಹತ್ತಿರ ಬಂದು ಹಣ ಬದಲಿಸಿಕೊಡುತ್ತೇನೆ ಎನ್ನುವವರಿಗೆ ತಲೆಯನ್ನೂ ಅಲ್ಲಾಡಿಸಬೇಡ. ಅಂಗಡಿಯಲ್ಲಿ ಬದಲಿಸಿ ದರ ಮೋಸವೆನಿಸಿದರೆ, 1000 ಯೂರೋ ಒಳಗಿನ ಮೊತ್ತವನ್ನು ಮೂರು ಗಂಟೆಯೊಳಗೆ ವಾಪಸು ಮಾಡಿಸಿಕೊಳ್ಳುವ ಹಕ್ಕನ್ನು ಅಲ್ಲಿನ ಕಾನೂನು 2019ರಿಂದ ಕೊಟ್ಟಿದೆ, ರಸೀದಿಯನ್ನು ಎಸೆಯಬೇಡ.

ಮುಖ್ಯವಾದದ್ದು ಇನ್ನೊಂದು. ನಡಿಗೆ ಎಲ್ಲಿ ಮುಗಿಯುತ್ತದೆ ಎಂದು ಇವತ್ತೇ ಅವರಿಗೆ ಬರೆದು ಕೇಳು. ಸೇತುವೆಯ ಬಳಿ ಮುಗಿದರೆ ಸರಿ. ಆಚೆ ದಡದ ಕೋಟೆಯವರೆಗೂ ನಡೆಸುವವರಾದರೆ ನೀವಿಬ್ಬರೂ ಸೇತುವೆಯಲ್ಲೇ ಅವರಿಗೆ ನಮಸ್ಕಾರ ಹೇಳಿ ಬಿಡಿ, ಆ ಏರು ನಿಮ್ಮಮ್ಮನಿಗೆ ಆಗುವಂಥದ್ದಲ್ಲ. ಕೋಟೆಗೆ ಇನ್ನೊಂದು ದಿನ 22ನೆಯ ನಂಬರಿನ ಟ್ರಾಮ್ ಹತ್ತಿ ಮೇಲಿನ ನಿಲ್ದಾಣದಲ್ಲೇ ಇಳಿಯಿರಿ, ವಾಪಸು ಬರುವಾಗಲೂ ಅದೇ ಟ್ರಾಮ್ ಹತ್ತಿ, ಮೆಟ್ಟಿಲಿಳಿಯುವುದು ಮಂಡಿಗೆ ಹತ್ತುವುದಕ್ಕಿಂತ ಕೆಟ್ಟದ್ದು. ಕಾಗದದ ಟಿಕೆಟ್ ಕೊಂಡರೆ ಟ್ರಾಮಿನೊಳಗಿನ ಯಂತ್ರದಲ್ಲಿ ಮುದ್ರೆ ಒತ್ತಿಸಬೇಕು, ಇಲ್ಲದಿದ್ದರೆ ಟಿಕೆಟ್ ಕೈಯಲ್ಲಿದ್ದರೂ ದಂಡ ಹಾಕುತ್ತಾರೆ.