ಪರ್ಫಾರ್ಮೆನ್ಸ್ ಆರ್ಟಿಗೆ ‘ಆಟ’ ಅಂದರೆ ನಡೆದೀತೆ?

ಬಳಗದವರಿಗೆ ಶರಣು.

ಬೆಳಗಾವಿಯ ಚಿತ್ರಕಲಾ ವಿದ್ಯಾರ್ಥಿಗಳಿಗೆ ಕೆಲವು ವಿಡಿಯೊ ತೋರಿಸುವುದಿದೆ, ಅದಕ್ಕೊಂದು ಕನ್ನಡ ಟಿಪ್ಪಣಿ ಬರೆಯುತ್ತಿದ್ದೇನೆ. ದಿನನಿತ್ಯದ ಕೆಲಸವನ್ನೇ ಕಲೆ ಮಾಡಿ, ಅದನ್ನು ಫಿಲ್ಮಿನಲ್ಲಿ ಹಿಡಿದಿಟ್ಟವರ ಕೃತಿಗಳು. ವಸ್ತುವಿಗಿಂತ ವಿಚಾರವೇ ಮುಖ್ಯವಾದ ‘ಕಾನ್ಸೆಪ್ಚುವಲ್ ಆರ್ಟ್’ಗೆ ಪರಿಕಲ್ಪನಾ ಕಲೆ ಅನ್ನುತ್ತಾರೆ, ಅದರ ಬಗ್ಗೆ ತಕರಾರಿಲ್ಲ. ಗಂಟು ಬಿದ್ದಿರುವುದು ‘ಪರ್ಫಾರ್ಮೆನ್ಸ್’ನಲ್ಲಿ, ಅಂದರೆ ಕಲಾವಿದರು ತಾವೇ ಮಾಡುವ ಕೆಲಸವೇ ಕೃತಿಯಾಗುವ ಕಲೆಗೆ ಕನ್ನಡ ಪದ ಹುಡುಕುವುದರಲ್ಲಿ.

‘ಪ್ರದರ್ಶನ’ ಅಂದರೆ ಗೋಡೆಗೆ ಚಿತ್ರ ತೂಗುಹಾಕುವುದೂ ಹೌದು, ಟಾಕೀಜಿನ ಮ್ಯಾಟಿನಿಯೂ ಹೌದು. ‘ಪ್ರದರ್ಶಕ ಕಲೆಗಳು’ ಮೈಸೂರಿನ ಗಂಗೂಬಾಯಿ ಹಾನಗಲ್ ವಿಶ್ವವಿದ್ಯಾಲಯದ ಹೆಸರಿನಲ್ಲೇ ಇದೆ, ಅಲ್ಲಿ ಅದರ ಅರ್ಥ ನೃತ್ಯ, ನಾಟಕ. ‘ಪ್ರಯೋಗ’ ನಮ್ಮ ಕಡೆ ನಾಟಕಕ್ಕೆ ಸಲ್ಲುತ್ತದೆ, ಆದರೆ ಹುಡುಗರಿಗೆ ಮೊದಲು ನೆನಪಾಗುವುದು ಲ್ಯಾಬು. ‘ಅಭಿನಯ’ವಂತೂ ಬೇಡವೇ ಬೇಡ. 1973ರಲ್ಲಿ ಕಲಾವಿದೆ ಮಿಯರ್ಲ್ ಲೇಡರ್‌ಮನ್ ಯುಕೆಲೀಸ್ ಅಮೆರಿಕದ ಹಾರ್ಟ್‌ಫರ್ಡಿನ ಮ್ಯೂಸಿಯಂ ಮೆಟ್ಟಿಲನ್ನು ನೀರು ಸುರಿದು ತಿಕ್ಕಿದರು. ತೊಳೆದಂತೆ ನಟಿಸಲಿಲ್ಲ, ಮೆಟ್ಟಿಲು ಖರೇನೇ ಸ್ವಚ್ಛ ಆದವು.

ಇನ್ನೊಬ್ಬರು ತೆಹ್‌ಚಿಂಗ್ ಶ್ಯೆ, ತೈವಾನಿನವರು. 1980ರ ಏಪ್ರಿಲ್ 11ರಿಂದ ಒಂದು ವರ್ಷ, ನ್ಯೂಯಾರ್ಕಿನ ತಮ್ಮ ಕೋಣೆಯಲ್ಲಿ, ಹಗಲು ರಾತ್ರಿ ಎನ್ನದೆ ತಾಸಿಗೊಮ್ಮೆ ಕಾರ್ಖಾನೆಯ ಹಾಜರಿ ಗಡಿಯಾರಕ್ಕೆ ಕಾರ್ಡು ಒತ್ತಿದರು. ಪ್ರತಿ ಸಲವೂ 16 ಎಂಎಂ ಕ್ಯಾಮೆರಾದಲ್ಲಿ ಒಂದೇ ಒಂದು ಫ್ರೇಮು. ಓಡಿಸಿ ನೋಡಿದರೆ ಸೆಕೆಂಡಿಗೊಂದು ದಿನ ಉರುಳಿ, ವರ್ಷ ಆರು ನಿಮಿಷದಲ್ಲಿ ಮುಗಿಯುತ್ತದೆ. ಬೋಳು ತಲೆಯಲ್ಲಿ ಕೂದಲು ಬೆಳೆದು ಹೆಗಲಿಗಿಳಿಯುತ್ತದೆ. 8,760 ಹಾಜರಿಯಲ್ಲಿ ತಪ್ಪಿದ್ದು 133, ಹೆಚ್ಚಿನವು ನಿದ್ದೆ ಹತ್ತಿ. ಗೋಕಾಕದ ಗಿರಣಿಯಲ್ಲಿ ರಾತ್ರಿಪಾಳಿ ಮಾಡಿದವರಿಗೆ ಇದನ್ನು ವಿವರಿಸಬೇಕಾಗಿಲ್ಲ! ಆದರೆ ರಾತ್ರಿ ಮೂರಕ್ಕೆದ್ದು ಕಾರ್ಡು ಒತ್ತುವುದನ್ನು ‘ಪ್ರದರ್ಶಿಸಿದರು’ ಅಂತ ಹೇಗೆ ಬರೆಯುವುದು? ಆ ಹೊತ್ತಿನಲ್ಲಿ ನೋಡುವವರು ಯಾರು?

ಅದಕ್ಕೇ ನನಗೆ ‘ಆಟ’ ಹಿಡಿಸಿದೆ. ದೊಡ್ಡಾಟ, ಸಣ್ಣಾಟ, ಪಾರಿಜಾತದ ಆಟ ಅನ್ನುವಾಗ ಅದು ರಂಗದ ಮಾತು. ಓಡಾಟ, ಅಲೆದಾಟ, ಹುಡುಕಾಟ, ತಿಣುಕಾಟ ಅನ್ನುವಾಗ ಬರೀ ಬದುಕಿನ ಮಾತು, ಅದರಲ್ಲೂ ಮತ್ತೆಮತ್ತೆ ಮಾಡುವ ಕೆಲಸದ್ದು. ಎರಡೂ ಒಂದೇ ಪದದಲ್ಲಿ ಸಿಗುತ್ತವೆ. 1997ರಲ್ಲಿ ಫ್ರಾನ್ಸಿಸ್ ಆಲಿಸ್ ಮೆಕ್ಸಿಕೊ ಸಿಟಿಯ ಬೀದಿಗಳಲ್ಲಿ ದೊಡ್ಡದೊಂದು ಬರ್ಫದ ಗಡ್ಡೆಯನ್ನು, ಅದು ಪೂರ್ತಿ ಕರಗುವ ತನಕ, ಒಂಬತ್ತು ತಾಸಿಗೂ ಹೆಚ್ಚು ಹೊತ್ತು ತಳ್ಳುತ್ತ ನಡೆದರು. ಮೊದಲು ಬಗ್ಗಿ ಎರಡೂ ಕೈಯಿಂದ ತಳ್ಳಿದ್ದು, ಕೊನೆಕೊನೆಗೆ ಕಾಲಿನಿಂದ ಒದೆಯುವಷ್ಟು ಚಿಕ್ಕದಾಯಿತು. ಇದೇ ಕೆಲಸ ಖಡೇಬಜಾರದಲ್ಲಿ ಮಾಡಿದ್ದರೆ ಅಂಗಡಿಯವರು ‘ಏನ್ ಆಟ ಹಚ್ಚೀಯೋ ತಮ್ಮಾ?’ ಅನ್ನುತ್ತಿದ್ದರು. ವಿಮರ್ಶಕರಿಗಿಂತ ಅವರೇ ಸರಿಯಾಗಿ ಹೆಸರಿಟ್ಟಂತಾಗುತ್ತಿತ್ತು ಅನಿಸುತ್ತದೆ.

ತೊಂದರೆ ಇಲ್ಲದಿಲ್ಲ. ‘ಹುಡುಗಾಟ’ದ ನೆರಳು ಇದ್ದೇ ಇದೆ. ಮಾಡುವವರನ್ನು ‘ಆಟಗಾರ’ ಅಂದರೆ ಕೈಗೆ ಬ್ಯಾಟು ಕೊಟ್ಟಂತೆ. ‘ಆಟದವರು’ ಅನ್ನೋಣವೆಂದರೆ ಅದು ಇಡೀ ಮೇಳಕ್ಕೆ ಹೇಳುವ ಮಾತು, ಇಲ್ಲಿ ಇರುವುದು ಒಬ್ಬರೇ.

ಜಮಖಂಡಿ, ಮುಧೋಳ, ಇಂಡಿ ಕಡೆಯವರನ್ನು ಮುಖ್ಯವಾಗಿ ಕೇಳುತ್ತಿದ್ದೇನೆ: ಮೇಳವಿಲ್ಲದೆ ಒಬ್ಬರೇ ಆಡುವವರಿಗೆ ನಿಮ್ಮಲ್ಲಿ ಬೇರೆ ಹೆಸರಿದೆಯೇ? ‘ಹಗಲುವೇಷದವರು’ ಅಂತ ಬರೆಯಬೇಡಿ, ವೇಷ ಇವರಿಗೆ ಕಡ್ಡಾಯವಲ್ಲ. ‘ಆಟ’ವೇ ಸರಿಯಿಲ್ಲ ಅನ್ನುವವರು ಬೈದರೂ ಚಿಂತೆಯಿಲ್ಲ, ಬದಲಿ ಪದ ಜೊತೆಗಿರಲಿ.