ನೀಲ್ ಫಾಕ್ಸ್ ಅಂಕದ ಲೆಕ್ಕ ಕೂಡಿಬರುವುದಿಲ್ಲ: 6,220 ಹೇಗಾಯಿತು?

ಬದಿಯಡ್ಕದವ:
ಇಲ್ಲಿಯ ವಾಚನಾಲಯದ ಗೋಡೆಪತ್ರಿಕೆಗೆ ಈ ತಿಂಗಳು ಇಂಗ್ಲೆಂಡಿನ ರಗ್ಬಿ ಲೀಗ್ ಆಟಗಾರ ನೀಲ್ ಫಾಕ್ಸ್ ಬಗ್ಗೆ ಒಂದು ಪುಟ ಹಾಕುತ್ತಿದ್ದೇವೆ. ವೇಕ್‌ಫೀಲ್ಡ್ ಟ್ರಿನಿಟಿ ಕ್ಲಬ್ಬಿನ ಸೆಂಟರ್ (ನಡುಭಾಗದ ಓಟಗಾರನ ಸ್ಥಾನ), 1956ರಲ್ಲಿ 16ನೇ ವಯಸ್ಸಿಗೇ ಮೊದಲ ಪಂದ್ಯ, 1979ರ ತನಕ ಆಟ. ಒಟ್ಟು 358 ಟ್ರೈ (ಚೆಂಡನ್ನು ಎದುರಾಳಿಯ ಗೋಲುಗೆರೆಯಾಚೆ ನೆಲಕ್ಕೆ ಒತ್ತುವುದು), 2,575 ಗೋಲು (ಚೆಂಡನ್ನು ಒದ್ದು ಕಂಬಗಳ ನಡುವೆ ದಾಟಿಸುವುದು), 6,220 ಅಂಕ ಅಂತ ಉಂಟು. ಟ್ರೈಗೆ 4, ಗೋಲಿಗೆ 2 ಹಿಡಿದರೆ 6,582 ಬರುತ್ತದೆ, 362 ಜಾಸ್ತಿ. ಯಾವ ಸಂಖ್ಯೆ ತಪ್ಪು? ಇನ್ನೊಂದು, 1961–62ರ ಅಂಕ ಒಂದು ಕಡೆ 407, ಮತ್ತೊಂದು ಕಡೆ 456. ಯಾವುದನ್ನು ಬರೆಯುವುದು?

ಪೆರ್ಲದ ಮಾಷ್ಟ್ರು:
ಮೂರು ಸಂಖ್ಯೆಯೂ ಸರಿಯೇ. ನೀವು ಗುಣಿಸಿದ 4 ತಪ್ಪು. ಟ್ರೈಗೆ ನಾಲ್ಕು ಅಂಕ ಆದದ್ದು 1983ರಲ್ಲಿ, ಫಾಕ್ಸ್ ಆಟ ಬಿಟ್ಟ ಮೇಲೆ. ಅವರ ಕಾಲದಲ್ಲಿ ಟ್ರೈಗೆ ಮೂರೇ. ಟ್ರೈಗೊಂದರಂತೆ 358 ಕಳೆದರೆ 6,224. ಇನ್ನೂ 4 ಜಾಸ್ತಿ ಉಳಿಯಿತಲ್ಲ, ಅದು ಡ್ರಾಪ್ ಗೋಲಿನದ್ದು.

ಕೈಯಿಂದ ಚೆಂಡನ್ನು ನೆಲಕ್ಕೆ ಬಿಟ್ಟು, ಅದು ಪುಟಿಯುತ್ತಿದ್ದ ಹಾಗೆಯೇ ಒದ್ದು ಕಂಬಗಳ ನಡುವೆ, ಅಡ್ಡಪಟ್ಟಿಯ ಮೇಲಿಂದ ದಾಟಿಸಿದರೆ ಡ್ರಾಪ್ ಗೋಲು. ಮೊದಲು ಇದಕ್ಕೂ 2 ಅಂಕ ಇತ್ತು, ಬ್ರಿಟನ್ನಿನಲ್ಲಿ 1974ರಿಂದ 1 ಆಯಿತು. ಫಾಕ್ಸ್ ಆ ಮೇಲೆ ಹೊಡೆದ ನಾಲ್ಕು ಗೋಲು ಈ ಒಂದಂಕದವು. 6,224ರಲ್ಲಿ 4 ತೆಗೆಯಿರಿ, 6,220.

ನಂಬಿಕೆ ಬಾರದಿದ್ದರೆ ಟ್ರಿನಿಟಿಯ ಲೆಕ್ಕ ಮಾತ್ರ ತೆಗೆದು ನೋಡಿ: 272 ಟ್ರೈ, 1,836 ಗೋಲು. 816 + 3,672 = 4,488. ಅಲ್ಲಿ ಒಂದಂಕವೂ ಆಚೀಚೆ ಆಗುವುದಿಲ್ಲ, ಯಾಕೆಂದರೆ ಅಂಕ ಇಳಿಯುವ ಹೊತ್ತಿಗೆ ಅವರು ಆ ಕ್ಲಬ್ ಬಿಟ್ಟಾಗಿತ್ತು. ಗ್ರೇಟ್ ಬ್ರಿಟನ್ ಪರ 29 ಟೆಸ್ಟ್‌ನಲ್ಲಿ 14 ಟ್ರೈ, 93 ಗೋಲು, 228 ಅಂಕ. ಇದೂ ಹಾಗೆಯೇ ಕೂಡುತ್ತದೆ.

ಚಂದ್ರಗಿರಿ ದಡ:
407 ಬರೀ ಟ್ರಿನಿಟಿಗೆ: 27 ಟ್ರೈ, 163 ಗೋಲು. 456 ಅಂದರೆ ಪ್ರಾತಿನಿಧಿಕ ಪಂದ್ಯಗಳೂ (ಕ್ಲಬ್ ಬಿಟ್ಟು ದೇಶದಂಥ ಆಯ್ದ ತಂಡಕ್ಕೆ ಆಡಿದವು) ಸೇರಿ: 30 ಟ್ರೈ, 183 ಗೋಲು. ಕ್ಲಬ್ ದಾಖಲೆಯ ಸಾಲಿಗೆ ಮೊದಲನೆಯದು, ಋತುವಿನ ಒಟ್ಟು ಮೊತ್ತಕ್ಕೆ ಎರಡನೆಯದು. ಒಂದೇ ಪಟ್ಟಿಯಲ್ಲಿ ಎರಡನ್ನೂ ಬೆರೆಸಿದರೆ ಕೆಟ್ಟಿತು.

"1961–62" ಅನ್ನುವುದನ್ನು "1961" ಅಂತ ಮೊಟಕು ಮಾಡಬೇಡಿ. ಆಗ ಅಲ್ಲಿ ಲೀಗ್ ಚಳಿಗಾಲದ ಆಟ, ಅಲ್ಲಿಯ ನಾಕೌಟ್ ಪಂದ್ಯಾವಳಿ ಚಾಲೆಂಜ್ ಕಪ್‌ನ ಫೈನಲ್ ಮೇ ತಿಂಗಳಿಗೆ, ಅಂದರೆ ಎರಡನೇ ವರ್ಷಕ್ಕೆ ಬೀಳುತ್ತದೆ.

ಬದಿಯಡ್ಕದವ:
ಈಗ ಸರಿ ಕೂತಿತು. ಹಾಗಾದರೆ "ಇಂದಿನ ಲೆಕ್ಕದಲ್ಲಿ 6,582" ಅಂತ ಒಂದು ಸಾಲು ಸೇರಿಸಬಹುದಾ?

ಪೆರ್ಲದ ಮಾಷ್ಟ್ರು:
ಬೇಡ ಮಾರಾಯ್ರೆ. ಟ್ರೈ ಏರಿದೆ, ಡ್ರಾಪ್ ಗೋಲು ಇಳಿದಿದೆ. 2,575ರಲ್ಲಿ ಹಳೆಯ ಎರಡಂಕದ ಡ್ರಾಪ್ ಗೋಲುಗಳೂ ಅಡಗಿವೆ, ಅವನ್ನು ಬೇರೆ ಮಾಡದೆ ಪರಿವರ್ತನೆ ಆಗುವುದಿಲ್ಲ. 1962ರ ಚಾಲೆಂಜ್ ಕಪ್ ಫೈನಲನ್ನೇ ನೋಡಿ, ಹಡರ್ಸ್‌ಫೀಲ್ಡ್ ಮೇಲೆ ಟ್ರಿನಿಟಿಗೆ 12–6 ಗೆಲುವು. ಫಾಕ್ಸ್ ಅವರದು ಒಂದು ಟ್ರೈ, ಮೂರು ಡ್ರಾಪ್ ಗೋಲು: ಆಗ 9 ಅಂಕ, ಈಗಿನ ನಿಯಮಕ್ಕೆ 7. ಪಂದ್ಯದ ಶ್ರೇಷ್ಠ ಆಟಗಾರನ ಲ್ಯಾನ್ಸ್ ಟಾಡ್ ಟ್ರೋಫಿಯೂ ಅವರಿಗೇ ಬಂತು. ಬೋನಸ್ ಗೆರೆಯೇ ಇಲ್ಲದ ಕಾಲದ ಕಬಡ್ಡಿ ರೈಡಿಗೆ ಇವತ್ತು ಬೋನಸ್ ಕೊಟ್ಟ ಹಾಗಾದೀತು.

ಪುಟಕ್ಕೆ ಒಂದೇ ಪಂದ್ಯ ಆರಿಸುವುದಾದರೆ 1960ರ ಫೈನಲ್ ಹಾಕಿ. ಹಲ್ ವಿರುದ್ಧ 38–5, ಅದರಲ್ಲಿ ಫಾಕ್ಸ್ ಪಾಲು ಎರಡು ಟ್ರೈ, ಏಳು ಗೋಲು, 20 ಅಂಕ. ಓದುವವರು ಬೆರಳು ಮಡಚಿಯೇ ಲೆಕ್ಕ ಹಾಕಿಯಾರು.

ಕುಂಬಳೆ ರೈಡರ್:
ಎರಡು ಎಚ್ಚರಿಕೆ. ಯಂತ್ರಾನುವಾದದಲ್ಲಿ ಟ್ರೈ "ಪ್ರಯತ್ನ" ಆಗಿಬಿಡುತ್ತದೆ. "358 ಪ್ರಯತ್ನ" ಓದಿದವರು ಅಷ್ಟು ಸಲ ಸೋತರು ಅಂದುಕೊಳ್ಳುತ್ತಾರೆ. ಟ್ರೈ ಅಂತಲೇ ಇಟ್ಟು, ಎದುರಾಳಿಯ ಗೋಲುಗೆರೆ ದಾಟಿ ಚೆಂಡನ್ನು ನೆಲಕ್ಕೆ ಒತ್ತುವುದು ಅಂತ ಒಮ್ಮೆ ಬಿಡಿಸಿ ಹೇಳಿ.

ಮತ್ತೆ 1968ರ ಚಾಲೆಂಜ್ ಕಪ್ ಫೈನಲ್, ಟ್ರಿನಿಟಿ ಮತ್ತು ಲೀಡ್ಸ್ ನಡುವೆ. ನೀರು ನಿಂತ ವೆಂಬ್ಲಿ ಮೈದಾನದಲ್ಲಿ, ಲೀಡ್ಸ್ 11–10 ಮುಂದಿದ್ದಾಗ, ಕಂಬದ ನೇರ ಎದುರಿನ ಕೊನೆಯ ಕನ್ವರ್ಷನ್ (ಟ್ರೈ ಆದ ಮೇಲಿನ ಒದೆತ) ಗುರಿ ತಪ್ಪಿ ಒದ್ದದ್ದು ಟ್ರಿನಿಟಿಯ ಡಾನ್ ಫಾಕ್ಸ್, ನೀಲ್ ಅವರ ಅಣ್ಣ. ಹೋದ ಅಂಕ ಎರಡು, ಹೋದದ್ದು ಕಪ್. ನೀಲ್ ಆ ಫೈನಲ್ ಆಡಿಯೇ ಇಲ್ಲ. ಆ ಒದೆತದ ಚಿತ್ರ ಹಾಕಿದರೆ ಅದರ ಕೆಳಗೆ ನೀಲ್ ಹೆಸರು ಹಾಕಬೇಡಿ.