ಕಲ್ಪಿತ ಲೋಕಕ್ಕೊಂದು ಪಂಚಾಂಗ: ಅಧಿಕ ಮಾಸ ಎಲ್ಲಿ ಹಾಕಬೇಕು?

ಪ್ರಶ್ನೆ: ಫ್ಯಾಂಟಸಿ ಕಾದಂಬರಿಗೆ ಪಂಚಾಂಗ ಕಟ್ಟುತ್ತಿದ್ದೇನೆ. ಆ ಲೋಕದ ವರ್ಷ 388.4 ದಿನ. ಹುಣ್ಣಿಮೆಯಿಂದ ಹುಣ್ಣಿಮೆಗೆ ದೊಡ್ಡ ಚಂದ್ರನಿಗೆ 28.6 ದಿನ, ಚಿಕ್ಕ ಚಂದ್ರನಿಗೆ 44. ಎರಡು ರಾಜ್ಯ, 40 ವರ್ಷದ ಕಥೆ. ತಿಂಗಳು ಋತು ಬಿಟ್ಟು ಜಾರಬಾರದು, ಜೋಡಿ ಹುಣ್ಣಿಮೆಗೆ ಹಬ್ಬವೂ ಬೇಕು. ಮಾಡಿ ಗೊತ್ತಿರುವವರು ದಾರಿ ಹೇಳಿ.

ಉತ್ತರ: ತಿಂಗಳಿಗೆ ಹೆಸರಿಡುವ ಕೆಲಸ ಕೊನೆಗಿರಲಿ. ಮೊದಲು ಅಹರ್ಗಣ ಹಿಡಿಯಿರಿ, ಅಂದರೆ ಒಂದು ಆದಿದಿನದಿಂದ ಎಡೆಬಿಡದೆ ಸಾಗುವ ದಿನಗಳ ಎಣಿಕೆ. ನಮ್ಮ ಹಳೆಯ ಖಗೋಳ ಗ್ರಂಥಗಳಲ್ಲಿ ಕಲಿಯುಗದ ಆದಿಯಿಂದ ಲೆಕ್ಕ ಹಾಕುವುದೂ ಹೀಗೆಯೇ. ಎಕ್ಸೆಲ್‌ನ ಮೊದಲ ಕಾಲಂನಲ್ಲಿ ಅದೊಂದೇ ಇರಲಿ. 7ರಿಂದ ಭಾಗಿಸಿದ ಶೇಷ ವಾರ, 28.6ರಿಂದ ಭಾಗಿಸಿದ ಶೇಷ ದೊಡ್ಡ ಚಂದ್ರನ ವಯಸ್ಸು, ಅಂದರೆ ಅದು ಆದಿದಿನದ ಸ್ಥಿತಿಗೆ ಮರಳಿ ಎಷ್ಟು ದಿನವಾಯಿತು ಎಂಬುದು. ಕಥೆಯ ಪ್ರತಿ ಘಟನೆಗೂ ಈ ಅಂಕಿ ಬರೆದಿಡಿ. ಪಾತ್ರಗಳು ಹೇಳುವ ತೇದಿ ಅದರಿಂದ ಹುಟ್ಟಲಿ. ತೇದಿಯಿಂದ ತೇದಿ ಕಳೆಯಲು ಹೋದವರು ಅಧಿಕ ಮಾಸ (ಋತುವಿಗೆ ಹೊಂದಿಸಲು ಸೇರಿಸುವ ಹೆಚ್ಚುವರಿ ತಿಂಗಳು) ಬಂದ ಕಡೆ ಎಡವುತ್ತಾರೆ.

ಉತ್ತರ: ಅಧಿಕ ಮಾಸದ ಲೆಕ್ಕ ಇಲ್ಲಿದೆ. 13 ತಿಂಗಳಿಗೆ 371.8 ದಿನ, ವರ್ಷಕ್ಕೆ 16.6 ದಿನ ಕೊರತೆ. 5 ವರ್ಷಕ್ಕೆ 3 ಅಧಿಕ ಹಾಕಿದರೆ 2.8 ದಿನ ಹೆಚ್ಚಾಗುತ್ತದೆ, 12 ವರ್ಷಕ್ಕೆ 7 ಹಾಕಿದರೆ ಒಂದು ದಿನ. 31 ವರ್ಷಕ್ಕೆ 18 ಹಾಕಿ: 421 ತಿಂಗಳಿಗೆ 12040.6 ದಿನ, 31 ವರ್ಷಕ್ಕೆ 12040.4. ನಮ್ಮ ಚಂದ್ರನಿಗೆ 19 ವರ್ಷಕ್ಕೆ 235 ತಿಂಗಳು ಹೊಂದುವ ಹಾಗೆಯೇ ಇದೂ. ತಿಂಗಳ ಉದ್ದಕ್ಕೆ ತಲೆಕೆಡಿಸಿಕೊಳ್ಳಬೇಡಿ, ಪ್ರತಿ ಐದು ತಿಂಗಳಲ್ಲಿ ಮೂರಕ್ಕೆ 29 ದಿನ, ಎರಡಕ್ಕೆ 28.

ಆ 18ನ್ನು ಎಲ್ಲೆಲ್ಲಿ ಹಾಕುವುದು ಅಂದರೆ, ನಮ್ಮ ನಿಯಮವನ್ನೇ ತನ್ನಿ. ಸೂರ್ಯನ ದಾರಿಯನ್ನು 13 ಭಾಗ, ಅಂದರೆ ರಾಶಿ, ಮಾಡಿ (ಒಂದಕ್ಕೆ 29.88 ದಿನ). ಸೂರ್ಯ ಒಂದು ರಾಶಿಯಿಂದ ಮುಂದಿನದಕ್ಕೆ ದಾಟುವುದೇ ಸಂಕ್ರಾಂತಿ. ಯಾವ ಚಾಂದ್ರಮಾಸದಲ್ಲಿ ಸಂಕ್ರಾಂತಿ ಬೀಳುವುದಿಲ್ಲವೋ ಅದು ಅಧಿಕ. ಮುಂದಿನ ತಿಂಗಳ ಹೆಸರೇ ಅದಕ್ಕೂ. ಸರಾಸರಿ 23 ತಿಂಗಳಿಗೊಮ್ಮೆ ತಾನಾಗಿ ಬರುತ್ತದೆ. ಅದರಲ್ಲಿ ಮದುವೆ, ಗೃಹಪ್ರವೇಶ ಬೇಡವೆಂದರೆ ಕಥೆಗೊಂದು ತಡೆಯೂ ಪುಕ್ಕಟೆ ಸಿಕ್ಕಿತು.

ಪ್ರಶ್ನೆ: ವರ್ಷಕ್ಕೆ 13.58 ತಿಂಗಳಾಗುತ್ತದೆ, ಅದಕ್ಕೆ 14 ಹತ್ತಿರವಲ್ಲವೇ ಸರ್? 14 ರಾಶಿ ಮಾಡಿದರೆ?

ಉತ್ತರ: ಬೇಡ. ಒಂದು ರಾಶಿಗೆ 27.74 ದಿನವಾಗುತ್ತದೆ, ತಿಂಗಳಿಗಿಂತ ಚಿಕ್ಕದು. ಒಂದೇ ತಿಂಗಳಲ್ಲಿ ಎರಡು ಸಂಕ್ರಾಂತಿ ಬಿದ್ದು ಪದೇಪದೇ ಕ್ಷಯಮಾಸ (ಒಂದು ತಿಂಗಳ ಹೆಸರೇ ಬಿಟ್ಟುಹೋಗುವುದು) ಬರುತ್ತದೆ. ನಮ್ಮಲ್ಲಿ ಅದು ಅಪರೂಪ, 1963–64ರ ನಂತರ 1982–83ರಲ್ಲಿ ಬಂತು. ಅದೂ ಭೂಮಿ ಜನವರಿಯ ಹೊತ್ತಿಗೆ ವೇಗವಾಗಿ ಸಾಗುವುದರಿಂದ. ನಿಮ್ಮ ಗ್ರಹದ ಕಕ್ಷೆ ವೃತ್ತವೇ ಇರಲಿ, ಲೆಕ್ಕ ಹಗುರ.

ಉತ್ತರ: ಜೋಡಿ ಹುಣ್ಣಿಮೆಯ ವಿಷಯದಲ್ಲಿ ಎಲ್ಲರೂ ತಪ್ಪುವ ಜಾಗವೊಂದಿದೆ. ಚಂದ್ರರಿಬ್ಬರೂ ಆಕಾಶದಲ್ಲಿ ಜೊತೆಯಾಗುವುದು 81.7 ದಿನಕ್ಕೊಮ್ಮೆ, ಅದನ್ನೇ ಜೋಡಿ ಹುಣ್ಣಿಮೆ ಅಂದುಕೊಳ್ಳುತ್ತಾರೆ. ಜೊತೆಯಾದಾಗ ಹುಣ್ಣಿಮೆಯೇ ಇರಬೇಕೆಂದಿಲ್ಲ, ಅಷ್ಟಮಿಯೂ ಇರಬಹುದು. ಎರಡೂ ಪೂರ್ಣವಾಗುವುದು ಏಳನೇ ಭೇಟಿಗೆ, 572 ದಿನಕ್ಕೊಮ್ಮೆ (20 × 28.6, 13 × 44). ಹಬ್ಬ ಒಮ್ಮೆ ಮಳೆಯಲ್ಲಿ ಬಂದರೆ ಇನ್ನೊಮ್ಮೆ ಬೇಸಿಗೆಯಲ್ಲಿ ಬರುತ್ತದೆ. ಋತುವಿಗೆ ಕಟ್ಟಬೇಡಿ.

ಆದಿದಿನವನ್ನೂ ನೋಡಿ ಆರಿಸಿ. ಅಂದು ಜೋಡಿ ಅಮಾವಾಸ್ಯೆ ಇಟ್ಟರೆ, ಈ ಅಂಕಿಗಳಲ್ಲಿ ನಿಖರ ಜೋಡಿ ಹುಣ್ಣಿಮೆ ಎಂದೂ ಬರುವುದಿಲ್ಲ! ಅತಿ ಹತ್ತಿರವೆಂದರೆ 1.1 ದಿನದ ಅಂತರ. ಹುಣ್ಣಿಮೆಯಿಂದಲೇ ಶುರು ಮಾಡಿ. ಆಗ ಜೋಡಿ ಅಮಾವಾಸ್ಯೆ ಇರದು.

ಉತ್ತರ: ಎರಡನೇ ರಾಜ್ಯಕ್ಕೆ ಅಧಿಕ ಮಾಸವೇ ಬೇಡ, ಹಿಜರಿಯಂತೆ ಶುದ್ಧ ಚಾಂದ್ರವಿರಲಿ. 371.8 ದಿನಕ್ಕೆ ವರ್ಷ ಮುಗಿದು, ಸುಮಾರು 23 ವರ್ಷದಲ್ಲಿ ಹಬ್ಬಗಳು ಎಲ್ಲ ಋತು ಸುತ್ತಿ ಬರುತ್ತವೆ. ಮೊದಲ ರಾಜ್ಯದಲ್ಲಿ 40 ತುಂಬಿದ ರಾಣಿಗೆ ಅಲ್ಲಿನ ಲೆಕ್ಕದಲ್ಲಿ 41 ದಾಟಿರುತ್ತದೆ. ಪಟ್ಟದ ವಯಸ್ಸಿನ ಜಗಳಕ್ಕೆ ಅಷ್ಟು ಸಾಕು.

ಇಷ್ಟು ದೊಡ್ಡ ಭೇದ ಬೇಡವಾದರೆ ತಿಂಗಳ ಕೊನೆಯನ್ನು ಬದಲಿಸಿ. ನಮ್ಮಲ್ಲಿ ಅಮಾಂತ (ಅಮಾವಾಸ್ಯೆಗೆ ತಿಂಗಳು ಮುಗಿಯುತ್ತದೆ), ಉತ್ತರದಲ್ಲಿ ಪೂರ್ಣಿಮಾಂತ (ಹುಣ್ಣಿಮೆಗೆ ಮುಗಿಯುತ್ತದೆ). ಅದಕ್ಕೇ ಒಂದೇ ಶಿವರಾತ್ರಿ ನಮಗೆ ಮಾಘದಲ್ಲಿ, ಅವರಿಗೆ ಫಾಲ್ಗುಣದಲ್ಲಿ. ಪತ್ರದ ತೇದಿ ತಪ್ಪಾಗಿ ಓದಿ ಸೈನ್ಯ ತಡವಾಗಿ ಬಂತೆಂದು ಬರೆಯುವುದಿದ್ದರೆ ಕೃಷ್ಣಪಕ್ಷದ ತೇದಿಯನ್ನೇ ಹಾಕಿ, ಶುಕ್ಲಪಕ್ಷದಲ್ಲಿ ಎರಡೂ ಕಡೆ ತಿಂಗಳ ಹೆಸರು ಒಂದೇ.